ಇಂದಿರಾ ಗಾಂಧಿ: ಸ್ವಂತ ಆಯ್ಕೆಯ ಮದುವೆ, ಮುಚ್ಚಿದ ಕೋರ್ಟು ಬಾಗಿಲು, ಕಾಫಿನಾಡಿನ ಮತ

ಚಿಕ್ಕಮಗಳೂರು: 1978ರ ನವೆಂಬರ್ ತಿಂಗಳಲ್ಲಿ ಕಾಫಿನಾಡಿನ ಮತದಾರರು ಇಂದಿರಾ ಗಾಂಧಿ ಅವರನ್ನು ಲೋಕಸಭೆಗೆ ಆರಿಸಿ ಕಳುಹಿಸಿದ್ದು ಈ ಜಿಲ್ಲೆಯ ರಾಜಕೀಯ ಚರಿತ್ರೆಯಲ್ಲಿ ಇಂದಿಗೂ ಅತಿ ಹೆಚ್ಚು ನೆನಪಾಗುವ ಘಟನೆ. ಮೂಡಿಗೆರೆಯ ಹಿರಿಯ ಬೆಳೆಗಾರರಿಂದ ಕಳಸದ ಪೇಟೆಯ ವ್ಯಾಪಾರಿಗಳವರೆಗೆ ಆ ಉಪಚುನಾವಣೆಯ ಬಗ್ಗೆ ಒಂದಿಷ್ಟಾದರೂ ಹೇಳಬಲ್ಲವರು ಈಗಲೂ ಸಿಗುತ್ತಾರೆ. ಆದರೆ ಸೋತ ನಾಯಕಿಯ ಮರುಹುಟ್ಟಿನ ಈ ಕಥೆಯ ಒಳಗೆ ಮತ್ತೊಂದು ಎಳೆ ಇದೆ. ವಯಸ್ಕ ವ್ಯಕ್ತಿಯೊಬ್ಬರು ತಮ್ಮ ಬದುಕನ್ನು ತಾವೇ ಆರಿಸಿಕೊಳ್ಳುವ ಹಕ್ಕು, ಮತ್ತು ಆ ಹಕ್ಕಿಗೆ ಕಾವಲಾಗಿರುವ ಹೇಬಿಯಸ್ ಕಾರ್ಪಸ್ ರಿಟ್, ಇವೆರಡೂ ಇಂದಿರಾ ಅವರ ಬದುಕಿನಲ್ಲಿ ಮತ್ತೆ ಮತ್ತೆ ಎದುರಾದ ಸಂಗತಿಗಳು. ಮೊದಲನೆಯದನ್ನು ಅವರು 24ರ ಹರೆಯದಲ್ಲಿ ಹಟ ಹಿಡಿದು ಪಡೆದರು. ಎರಡನೆಯದನ್ನು ಅವರ ಸರ್ಕಾರ 1975ರಲ್ಲಿ ಇಡೀ ದೇಶಕ್ಕೆ ಇಲ್ಲವಾಗಿಸಿತು. ಆ ರಿಟ್‌ನ ಬಾಗಿಲು ಮುಂದೆಂದೂ ಮುಚ್ಚದಂತೆ ಸಂಸತ್ತು ಸಂವಿಧಾನವನ್ನು ತಿದ್ದಿದಾಗ ಅವರು ಚಿಕ್ಕಮಗಳೂರಿನ ಸಂಸದೆಯಾಗಿದ್ದರು.

ಹೇಬಿಯಸ್ ಕಾರ್ಪಸ್ ಎಂಬುದು ಲ್ಯಾಟಿನ್ ಮಾತು. ಬಂಧನದಲ್ಲಿರುವ ವ್ಯಕ್ತಿಯನ್ನು ನ್ಯಾಯಾಲಯದ ಮುಂದೆ ಹಾಜರುಪಡಿಸಬೇಕು, ಯಾವ ಕಾನೂನಿನ ಬಲದಿಂದ ಹಿಡಿದಿಟ್ಟಿರುವಿರಿ ಎಂಬುದನ್ನು ತಿಳಿಸಬೇಕು ಎಂಬ ಆಜ್ಞೆ ಅದರ ತಿರುಳು. ಹಿಡಿದಿಟ್ಟವರು ಪೊಲೀಸರಾಗಿರಬಹುದು, ತಂದೆ-ತಾಯಿಯೇ ಆಗಿರಬಹುದು. ಆಜ್ಞೆ ಇಬ್ಬರಿಗೂ ಅನ್ವಯಿಸುತ್ತದೆ. ರಾಜಕೀಯ ಕೈದಿಯ ಬಿಡುಗಡೆಗೂ, ಮನೆಯಲ್ಲಿ ಕೂಡಿಹಾಕಲ್ಪಟ್ಟ ಯುವತಿಯ ಬಿಡುಗಡೆಗೂ ಕಾನೂನಿನಲ್ಲಿ ಇರುವ ಮುಖ್ಯ ಬಾಗಿಲು ಇದು.

ಆನಂದ ಭವನದ ಮದುವೆ

ಇಂದಿರಾ ಹುಟ್ಟಿದ್ದು 1917ರ ನವೆಂಬರ್ 19ರಂದು, ಅಲಹಾಬಾದಿನಲ್ಲಿ. ತಂದೆ ಜವಾಹರಲಾಲ್ ನೆಹರೂ ಅವರ ಬಹುಪಾಲು ಕಾಲ ಹೋರಾಟದಲ್ಲಿ, ಇಲ್ಲವೇ ಸೆರೆಮನೆಯಲ್ಲಿ ಕಳೆಯುತ್ತಿತ್ತು. ತಾಯಿ ಕಮಲಾ ಕ್ಷಯರೋಗದಿಂದ ಬಳಲಿ 1936ರ ಫೆಬ್ರುವರಿಯಲ್ಲಿ ಸ್ವಿಟ್ಜರ್ಲೆಂಡಿನ ಲೋಸಾನ್‌ನಲ್ಲಿ ತೀರಿಕೊಂಡರು. ಆ ಕಡೆಯ ದಿನಗಳಲ್ಲಿ ಶುಶ್ರೂಷೆಗೆ ನೆರವಾದವರಲ್ಲಿ ಅಲಹಾಬಾದಿನ ಕಾಂಗ್ರೆಸ್ ಕಾರ್ಯಕರ್ತ, ಪಾರ್ಸಿ ಕುಟುಂಬದ ಫಿರೋಜ್ ಗಾಂಧಿ ಒಬ್ಬರು. ಮುಂದೆ ಇಂದಿರಾ ಆಕ್ಸ್‌ಫರ್ಡ್‌ನ ಸಾಮರ್‌ವಿಲ್ ಕಾಲೇಜಿನಲ್ಲಿ, ಫಿರೋಜ್ ಲಂಡನ್ನಿನಲ್ಲಿ ಓದುತ್ತಿದ್ದಾಗ ಈ ಪರಿಚಯ ಪ್ರೇಮಕ್ಕೆ ತಿರುಗಿತು. 1941ರಲ್ಲಿ ಭಾರತಕ್ಕೆ ಮರಳಿದ ಇಂದಿರಾ ಫಿರೋಜ್ ಅವರನ್ನೇ ಮದುವೆಯಾಗುವುದಾಗಿ ತಂದೆಗೆ ತಿಳಿಸಿದರು.

ನೆಹರೂ ಅವರಿಗೆ ಈ ಸಂಬಂಧ ಮೊದಲಿಗೆ ಒಪ್ಪಿಗೆಯಾಗಲಿಲ್ಲ. ಕಾಶ್ಮೀರಿ ಪಂಡಿತರ ಮನೆಯ ಮಗಳು ಪಾರ್ಸಿ ಯುವಕನ ಕೈಹಿಡಿಯುವ ಸುದ್ದಿ 1942ರ ಫೆಬ್ರುವರಿಯಲ್ಲಿ ಪತ್ರಿಕೆಯಲ್ಲಿ ಬಯಲಾದಾಗ ದೇಶದಾದ್ಯಂತ ಆಕ್ಷೇಪಣೆ ಎದ್ದಿತು. ನೆಹರೂ ಅವರಿಗೂ ಮಹಾತ್ಮ ಗಾಂಧಿ ಅವರಿಗೂ ಬೈಗುಳದ ಪತ್ರಗಳು ಬಂದವು. ಮದುವೆ ಎಂಬುದು ಮುಖ್ಯವಾಗಿ ಆ ಇಬ್ಬರಿಗೆ, ಸ್ವಲ್ಪಮಟ್ಟಿಗೆ ಅವರ ಕುಟುಂಬಗಳಿಗೆ ಸಂಬಂಧಿಸಿದ ಖಾಸಗಿ ವಿಷಯ ಎಂಬ ಅರ್ಥದ ಹೇಳಿಕೆಯನ್ನು ನೆಹರೂ ಹೊರಡಿಸಿದರು. ಗಾಂಧೀಜಿ ತಮ್ಮ ಹರಿಜನ ಪತ್ರಿಕೆಯಲ್ಲಿ ಜೋಡಿಯ ಪರ ಬರೆದರು.

ಆದರೆ ಕಾನೂನು ಅವರ ಪರವಾಗಿರಲಿಲ್ಲ. 1872ರ ವಿಶೇಷ ವಿವಾಹ ಕಾಯ್ದೆಯ ಪ್ರಕಾರ ಬೇರೆ ಬೇರೆ ಧರ್ಮದವರು ನೋಂದಣಿ ಮದುವೆಯಾಗಬೇಕಾದರೆ ತಮಗೆ ಆ ಧರ್ಮಗಳು ಬೇಡವೆಂದು ಘೋಷಿಸಬೇಕಿತ್ತು. 1923ರ ತಿದ್ದುಪಡಿ ಹಿಂದೂ, ಬೌದ್ಧ, ಸಿಖ್, ಜೈನರ ನಡುವೆ ಮಾತ್ರ ಈ ಷರತ್ತನ್ನು ಸಡಿಲಿಸಿತ್ತು. ಹಿಂದೂ-ಪಾರ್ಸಿ ಜೋಡಿಗೆ ಆ ಸೌಲಭ್ಯ ಇರಲಿಲ್ಲ. ಕೊನೆಗೆ 1942ರ ಮಾರ್ಚ್ 26ರಂದು, ರಾಮನವಮಿಯ ದಿನ, ಆನಂದ ಭವನದಲ್ಲಿ ವೈದಿಕ ವಿಧಿಯಂತೆ ಮದುವೆ ನಡೆಯಿತು. ತಂದೆ ಸೆರೆಮನೆಯಲ್ಲಿ ನೂತ ನೂಲಿನಿಂದ ನೇಯ್ದ ಖಾದಿ ಸೀರೆಯನ್ನು ವಧು ಉಟ್ಟಿದ್ದರು. ತಂದೆಯ ಸಂಕೋಚ, ಸಮಾಜದ ಕೋಪ, ಕಾನೂನಿನ ಕೊರತೆ ಮೂರನ್ನೂ ದಾಟಿ ವಯಸ್ಕ ಹೆಣ್ಣೊಬ್ಬಳು ತನ್ನ ಮಾತನ್ನು ನಡೆಸಿಕೊಂಡಿದ್ದಳು.

ವಿಚಾರಣೆ ಇಲ್ಲದ ಸೆರೆವಾಸ

ಮದುವೆಯಾಗಿ ಆರು ತಿಂಗಳು ಕಳೆಯುವ ಮೊದಲೇ ದಂಪತಿಯನ್ನು ಕ್ವಿಟ್ ಇಂಡಿಯಾ ಚಳವಳಿ ಸೆಳೆಯಿತು. 1942ರ ಸೆಪ್ಟೆಂಬರ್‌ನಲ್ಲಿ ಬಂಧಿತರಾದ ಇಂದಿರಾ 1943ರ ಮೇ ತಿಂಗಳವರೆಗೆ, ಸುಮಾರು ಎಂಟು ತಿಂಗಳು, ನೈನಿ ಸೆರೆಮನೆಯಲ್ಲಿದ್ದರು. ವಿಚಾರಣೆಯಾಗಲೀ ಶಿಕ್ಷೆಯ ತೀರ್ಪಾಗಲೀ ಇರಲಿಲ್ಲ. ಯುದ್ಧಕಾಲದ ನಿಯಮಗಳ ಅಡಿಯಲ್ಲಿ ಸಾವಿರಾರು ಜನರನ್ನು ಬ್ರಿಟಿಷ್ ಸರ್ಕಾರ ಹೀಗೆಯೇ ಒಳಗಿಟ್ಟಿತ್ತು.

ಆಗಿನ ಕ್ರಿಮಿನಲ್ ಪ್ರಕ್ರಿಯಾ ಸಂಹಿತೆಯ 491ನೇ ಕಲಮು ಹೇಬಿಯಸ್ ಕಾರ್ಪಸ್ ಸ್ವರೂಪದ ಆದೇಶ ನೀಡುವ ಅಧಿಕಾರವನ್ನು ಹೈಕೋರ್ಟುಗಳಿಗೆ ಕೊಟ್ಟಿತ್ತು. ಆ ಕಲಮಿನ ಅಡಿಯಲ್ಲಿ ಕೇಶವ ತಳ್ಪಡೆ ಎಂಬ ಬಂಧಿತರ ಪ್ರಕರಣ ಫೆಡರಲ್ ನ್ಯಾಯಾಲಯದವರೆಗೆ ಹೋಗಿ, ಬಂಧನಕ್ಕೆ ಆಧಾರವಾಗಿದ್ದ 26ನೇ ನಿಯಮವೇ ಅಸಿಂಧು ಎಂದು 1943ರ ಏಪ್ರಿಲ್‌ನಲ್ಲಿ ತೀರ್ಪಾಯಿತು. ಸರ್ಕಾರ ಕೂಡಲೇ ಸುಗ್ರೀವಾಜ್ಞೆ ತಂದು ಬಂಧನಗಳನ್ನು ಉಳಿಸಿಕೊಂಡಿತಾದರೂ ವಿದೇಶಿ ಆಳ್ವಿಕೆಯ ಯುದ್ಧಕಾಲದಲ್ಲಿ ಸಹ ನ್ಯಾಯಾಲಯದ ಬಾಗಿಲು ಪೂರ್ತಿ ಮುಚ್ಚಿರಲಿಲ್ಲ ಎಂಬುದನ್ನು ಗಮನಿಸಬೇಕು.

ಸ್ವತಂತ್ರ ಭಾರತದ ಸಂವಿಧಾನ ಈ ಹಕ್ಕನ್ನು ಇನ್ನೂ ಮೇಲಕ್ಕೆ ಎತ್ತಿತು. ಜೀವ ಹಾಗೂ ವೈಯಕ್ತಿಕ ಸ್ವಾತಂತ್ರ್ಯವನ್ನು ಕಾಯುವ 21ನೇ ವಿಧಿ, ರಿಟ್ ಅರ್ಜಿಗೆ ಅವಕಾಶ ಕೊಡುವ 32 ಮತ್ತು 226ನೇ ವಿಧಿಗಳು 1950ರ ಜನವರಿ 26ರಿಂದ ಜಾರಿಗೆ ಬಂದವು. 1954ರಲ್ಲಿ ನೆಹರೂ ಸರ್ಕಾರದ ಅವಧಿಯಲ್ಲೇ ಹೊಸ ವಿಶೇಷ ವಿವಾಹ ಕಾಯ್ದೆ ಬಂದಿತು. ಧರ್ಮವನ್ನು ತೊರೆಯದೆಯೇ ಬೇರೆ ಧರ್ಮದವರನ್ನು ಮದುವೆಯಾಗಲು ಅದು ದಾರಿ ಮಾಡಿತು. 12 ವರ್ಷಗಳ ಹಿಂದೆ ತಮ್ಮ ಮಗಳಿಗೆ ಸಿಗದಿದ್ದ ಸೌಲಭ್ಯ ಆ ಮೂಲಕ ದೇಶದ ಎಲ್ಲ ಮಕ್ಕಳಿಗೂ ಸಿಕ್ಕಿತು.

ಫಿರೋಜ್ ಗಾಂಧಿ ಸಂಸದರಾಗಿ ಸ್ವತಂತ್ರ ಮನೋಭಾವದಿಂದ ಹೆಸರಾದರು. ಸಂಸತ್ತಿನ ಕಲಾಪವನ್ನು ಪತ್ರಿಕೆಗಳು ನಿರ್ಭಯವಾಗಿ ವರದಿ ಮಾಡಲು ರಕ್ಷಣೆ ನೀಡಿದ 1956ರ ಕಾಯ್ದೆ ಅವರ ಖಾಸಗಿ ಮಸೂದೆಯ ಫಲ. ದಾಂಪತ್ಯದಲ್ಲಿ ಬಿರುಕು ಮೂಡಿತ್ತಾದರೂ 1960ರ ಸೆಪ್ಟೆಂಬರ್ 8ರಂದು ಫಿರೋಜ್ ಹೃದಯಾಘಾತದಿಂದ ನಿಧನರಾದಾಗ ಇಂದಿರಾ ಅವರ ಪಕ್ಕದಲ್ಲಿದ್ದರು.

1966ರ ಜನವರಿ 24ರಂದು ಇಂದಿರಾ ಪ್ರಧಾನಿಯಾದರು. ಅದೇ ವರ್ಷ ಮೂಡಿಗೆರೆ ಬಳಿಯ ಚಿತ್ರಕೂಟ ತೋಟದಲ್ಲಿ ಪೂರ್ಣಚಂದ್ರ ತೇಜಸ್ವಿ ಮತ್ತು ರಾಜೇಶ್ವರಿ ಅವರ ಸರಳ ವಿವಾಹ ನಡೆದಿತ್ತು. ವರದಕ್ಷಿಣೆ, ಪುರೋಹಿತರು, ಆಡಂಬರ ಯಾವುದೂ ಇಲ್ಲದೆ ವಧೂವರರ ಒಪ್ಪಿಗೆಯನ್ನೇ ಕೇಂದ್ರವಾಗಿಟ್ಟ ಮಂತ್ರ ಮಾಂಗಲ್ಯ ಪದ್ಧತಿಯನ್ನು ಕುವೆಂಪು ರೂಪಿಸಿದ್ದು ಇದೇ ಮಗನ ಮದುವೆಗೆ. ದೆಹಲಿಯ ಕಾನೂನು ತೆರೆದಿಟ್ಟ ದಾರಿಯನ್ನು ಮಲೆನಾಡು ತನ್ನದೇ ರೀತಿಯಲ್ಲಿ ಹುಡುಕಿಕೊಳ್ಳುತ್ತಿದ್ದ ಕಾಲ ಅದು.

ಬಾಗಿಲು ಮುಚ್ಚಿದ ದಿನಗಳು

1975ರ ಜೂನ್ 12ರಂದು ಅಲಹಾಬಾದ್ ಹೈಕೋರ್ಟಿನ ನ್ಯಾಯಮೂರ್ತಿ ಜಗಮೋಹನ್ ಲಾಲ್ ಸಿನ್ಹಾ ಅವರು ರಾಯ್‌ಬರೇಲಿ ಕ್ಷೇತ್ರದಿಂದ ಇಂದಿರಾ ಅವರ ಆಯ್ಕೆಯನ್ನು ಅಸಿಂಧುಗೊಳಿಸಿದರು. ಜೂನ್ 25ರ ರಾತ್ರಿ ಆಂತರಿಕ ಕ್ಷೋಭೆಯ ಕಾರಣ ನೀಡಿ ತುರ್ತು ಪರಿಸ್ಥಿತಿ ಘೋಷಿಸಲಾಯಿತು. ಜೂನ್ 27ರಂದು ರಾಷ್ಟ್ರಪತಿಗಳು 359ನೇ ವಿಧಿಯ ಅಡಿಯಲ್ಲಿ ಹೊರಡಿಸಿದ ಆದೇಶ 14, 21 ಮತ್ತು 22ನೇ ವಿಧಿಗಳ ಹಕ್ಕುಗಳಿಗಾಗಿ ನ್ಯಾಯಾಲಯಕ್ಕೆ ಹೋಗುವ ಅವಕಾಶವನ್ನು ಅಮಾನತಿನಲ್ಲಿಟ್ಟಿತು. ಮೀಸಾ ಎಂದೇ ಜನಜನಿತವಾದ 1971ರ ಆಂತರಿಕ ಭದ್ರತಾ ನಿರ್ವಹಣಾ ಕಾಯ್ದೆ ಮತ್ತು ಭಾರತ ರಕ್ಷಣಾ ನಿಯಮಗಳ ಅಡಿಯಲ್ಲಿ 21 ತಿಂಗಳಲ್ಲಿ ಒಂದು ಲಕ್ಷಕ್ಕೂ ಹೆಚ್ಚು ಜನ ಬಂಧನಕ್ಕೊಳಗಾದರು.

ಈ ಕಾನೂನು ಸಮರದ ಒಂದು ಮುಖ್ಯ ಅಧ್ಯಾಯ ನಡೆದಿದ್ದು ಬೆಂಗಳೂರಿನಲ್ಲಿ. ಸಂಸದೀಯ ಸಮಿತಿಯ ಸಭೆಗೆಂದು ಬಂದಿದ್ದ ಅಟಲ ಬಿಹಾರಿ ವಾಜಪೇಯಿ, ಲಾಲ್‌ಕೃಷ್ಣ ಅಡ್ವಾಣಿ, ಮಧು ದಂಡವತೆ ಮತ್ತು ಶ್ಯಾಮನಂದನ ಮಿಶ್ರಾ ಅವರನ್ನು ಜೂನ್ 26ರಂದು ಬಂಧಿಸಿ ಕೇಂದ್ರ ಕಾರಾಗೃಹದಲ್ಲಿರಿಸಲಾಯಿತು. ನಾಲ್ವರೂ ಕರ್ನಾಟಕ ಹೈಕೋರ್ಟಿಗೆ ಹೇಬಿಯಸ್ ಕಾರ್ಪಸ್ ಅರ್ಜಿ ಸಲ್ಲಿಸಿದರು. ನ್ಯಾಯಮೂರ್ತಿಗಳಾದ ಡಿ.ಎಂ. ಚಂದ್ರಶೇಖರ್ ಹಾಗೂ ಎಂ. ಸದಾನಂದಸ್ವಾಮಿ ಅವರ ಪೀಠ ಅರ್ಜಿಗಳು ವಿಚಾರಣೆಗೆ ಯೋಗ್ಯ ಎಂಬ ನಿಲುವು ತಳೆಯಿತು. ದೇಶದ ಒಟ್ಟು ಒಂಬತ್ತು ಹೈಕೋರ್ಟುಗಳು ಇದೇ ನಿಲುವು ತಾಳಿದವು. ಮರುವರ್ಷ ಈ ಇಬ್ಬರು ನ್ಯಾಯಮೂರ್ತಿಗಳೂ ಹೊರರಾಜ್ಯಗಳಿಗೆ ವರ್ಗಗೊಂಡರು.

ಕೇಂದ್ರ ಸರ್ಕಾರ ಸುಪ್ರೀಂ ಕೋರ್ಟಿಗೆ ಮೇಲ್ಮನವಿ ಹೋಯಿತು. ಎಡಿಎಂ ಜಬಲ್‌ಪುರ ಪ್ರಕರಣವೆಂದು ಹೆಸರಾದ ಆ ವಿಚಾರಣೆಯಲ್ಲಿ ನ್ಯಾಯಮೂರ್ತಿ ಎಚ್.ಆರ್. ಖನ್ನಾ ಅವರು ಅಟಾರ್ನಿ ಜನರಲ್ ನಿರೇನ್ ಡೇ ಅವರಿಗೆ ಒಂದು ಪ್ರಶ್ನೆ ಹಾಕಿದರು. ಪೊಲೀಸ್ ಅಧಿಕಾರಿಯೊಬ್ಬ ವೈಯಕ್ತಿಕ ದ್ವೇಷದಿಂದ ಯಾರನ್ನಾದರೂ ಕೊಂದರೆ ಆಗಲೂ ಪರಿಹಾರ ಇಲ್ಲವೇ ಎಂಬುದು ಅದರ ಸಾರ. ತುರ್ತು ಪರಿಸ್ಥಿತಿ ಇರುವವರೆಗೆ ಇಲ್ಲ ಎಂದೇ ಸರ್ಕಾರದ ವಕೀಲರು ಒಪ್ಪಿಕೊಂಡರು. 1976ರ ಏಪ್ರಿಲ್ 28ರಂದು ಐವರು ನ್ಯಾಯಮೂರ್ತಿಗಳ ಪೀಠ 4-1ರ ಬಹುಮತದಿಂದ ಸರ್ಕಾರದ ವಾದವನ್ನು ಎತ್ತಿಹಿಡಿಯಿತು. ಭಿನ್ನ ತೀರ್ಪು ಬರೆದವರು ಖನ್ನಾ ಒಬ್ಬರೇ. 1977ರ ಜನವರಿಯಲ್ಲಿ ಅವರ ಹಿರಿತನವನ್ನು ಕಡೆಗಣಿಸಿ ಎಂ.ಎಚ್. ಬೇಗ್ ಅವರನ್ನು ಮುಖ್ಯ ನ್ಯಾಯಮೂರ್ತಿಯಾಗಿ ನೇಮಿಸಲಾಯಿತು; ಖನ್ನಾ ರಾಜೀನಾಮೆ ನೀಡಿ ಹೊರನಡೆದರು.

ಬಾಗಿಲು ಮುಚ್ಚಿದ್ದರ ಬೆಲೆಯನ್ನು ಸಾಮಾನ್ಯರು ತೆತ್ತರು. ಸಂಸ್ಕಾರ ಚಿತ್ರದ ಚಂದ್ರಿಯಾಗಿ ಕನ್ನಡಿಗರಿಗೆ ಪರಿಚಿತರಾಗಿದ್ದ ಸ್ನೇಹಲತಾ ರೆಡ್ಡಿ 1976ರ ಮೇ ತಿಂಗಳಲ್ಲಿ ಬಂಧಿತರಾಗಿ ಬೆಂಗಳೂರು ಸೆರೆಮನೆಯಲ್ಲಿ ಎಂಟು ತಿಂಗಳು ಕಳೆದರು. ಆಸ್ತಮಾ ಉಲ್ಬಣಗೊಂಡು ಪೆರೋಲ್ ಮೇಲೆ ಹೊರಬಂದ ಕೆಲವೇ ದಿನಗಳಲ್ಲಿ, 1977ರ ಜನವರಿ 20ರಂದು ಅವರು ಮೃತಪಟ್ಟರು. ಕೇರಳದ ಕಲ್ಲಿಕೋಟೆಯಲ್ಲಿ ಎಂಜಿನಿಯರಿಂಗ್ ವಿದ್ಯಾರ್ಥಿ ಪಿ. ರಾಜನ್ ಅವರನ್ನು 1976ರ ಮಾರ್ಚ್ 1ರಂದು ಪೊಲೀಸರು ಹಾಸ್ಟೆಲ್‌ನಿಂದ ಕರೆದೊಯ್ದರು. ತುರ್ತು ಪರಿಸ್ಥಿತಿ ಕೊನೆಗೊಂಡ ಬಳಿಕವಷ್ಟೇ ತಂದೆ ಈಚರ ವಾರಿಯರ್ ಕೇರಳ ಹೈಕೋರ್ಟಿನಲ್ಲಿ ಹೇಬಿಯಸ್ ಕಾರ್ಪಸ್ ಅರ್ಜಿ ಸಲ್ಲಿಸಲು ಸಾಧ್ಯವಾಯಿತು. ಹಾಜರುಪಡಿಸಲು ಮಗನೇ ಉಳಿದಿರಲಿಲ್ಲ. ಆ ಪ್ರಕರಣದಿಂದ ಕೆ. ಕರುಣಾಕರನ್ ಮುಖ್ಯಮಂತ್ರಿ ಸ್ಥಾನ ಬಿಡಬೇಕಾಯಿತು.

ವೈಯಕ್ತಿಕ ಆಯ್ಕೆಯ ಹಕ್ಕಿಗೆ ಬಿದ್ದ ಇನ್ನೊಂದು ಪೆಟ್ಟು ಸಂತಾನಶಕ್ತಿಹರಣ ಶಸ್ತ್ರಚಿಕಿತ್ಸೆಯ ಅಭಿಯಾನ. 1976-77ರ ಒಂದೇ ವರ್ಷದಲ್ಲಿ ದೇಶದಲ್ಲಿ 80 ಲಕ್ಷಕ್ಕೂ ಹೆಚ್ಚು ಚಿಕಿತ್ಸೆಗಳು ನಡೆದವು. ಉತ್ತರದ ರಾಜ್ಯಗಳಲ್ಲಿ ಅವುಗಳಲ್ಲಿ ಬಹಳಷ್ಟು ಬಲವಂತದವು. ಫಿರೋಜ್ ಗಾಂಧಿ ತಂದಿದ್ದ ಪತ್ರಿಕಾ ರಕ್ಷಣೆಯ ಕಾಯ್ದೆಯನ್ನೂ ಅವರ ಪತ್ನಿಯ ಸರ್ಕಾರವೇ ರದ್ದುಪಡಿಸಿತು.

ಸೊಸೆಯ ಪಾಸ್‌ಪೋರ್ಟ್ ಪ್ರಕರಣ

1977ರ ಮಾರ್ಚ್ ಚುನಾವಣೆಯಲ್ಲಿ ಇಂದಿರಾ ರಾಯ್‌ಬರೇಲಿಯಲ್ಲಿ ರಾಜನಾರಾಯಣ್ ಅವರ ಎದುರು 55 ಸಾವಿರಕ್ಕೂ ಹೆಚ್ಚು ಮತಗಳಿಂದ ಸೋತರು. ಉತ್ತರ ಭಾರತ ಕೈಬಿಟ್ಟರೂ ಕರ್ನಾಟಕದಲ್ಲಿ 28ರಲ್ಲಿ 26 ಸ್ಥಾನಗಳು ಕಾಂಗ್ರೆಸ್ಸಿಗೆ ದಕ್ಕಿದವು. ಅಧಿಕಾರ ಕಳೆದುಕೊಂಡ ಮೇಲೆ ಕಾನೂನಿನ ರಕ್ಷಣೆಯ ಬೆಲೆ ಅವರ ಮನೆಗೂ ತಿಳಿಯಿತು. 1977ರ ಅಕ್ಟೋಬರ್ 3ರಂದು ಜನತಾ ಸರ್ಕಾರ ಇಂದಿರಾ ಅವರನ್ನು ಬಂಧಿಸಿತು. ಬಂಧನಕ್ಕೆ ತಕ್ಕ ಆಧಾರವಿಲ್ಲವೆಂದು ಮ್ಯಾಜಿಸ್ಟ್ರೇಟರು ಮರುದಿನವೇ ಬಿಡುಗಡೆ ಮಾಡಿದರು. ತುರ್ತು ಪರಿಸ್ಥಿತಿಯಲ್ಲಿ ಮೀಸಾ ಬಂಧಿತರಿಗೆ ಕಾನೂನು ತೋರದ ಔದಾರ್ಯವನ್ನು ಅದೇ ದೇಶದ ನ್ಯಾಯಾಲಯ ಅವರಿಗೆ ತೋರಿಸಿತು.

ಅದೇ ವರ್ಷದ ಜುಲೈನಲ್ಲಿ ಕಿರಿಯ ಸೊಸೆ ಮೇನಕಾ ಗಾಂಧಿ ಅವರ ಪಾಸ್‌ಪೋರ್ಟನ್ನು ಸರ್ಕಾರ ವಶಪಡಿಸಿಕೊಂಡಿತು. ಸಾರ್ವಜನಿಕ ಹಿತದೃಷ್ಟಿಯ ಹೆಸರಿನಲ್ಲಿ ಕಾರಣ ತಿಳಿಸಲು ನಿರಾಕರಿಸಲಾಯಿತು. ಮೇನಕಾ ಸುಪ್ರೀಂ ಕೋರ್ಟಿಗೆ ಹೋದರು. 1978ರ ಜನವರಿ 25ರಂದು ಏಳು ನ್ಯಾಯಮೂರ್ತಿಗಳ ಪೀಠ ನೀಡಿದ ತೀರ್ಪು 21ನೇ ವಿಧಿಯ ಅರ್ಥವನ್ನೇ ಹಿಗ್ಗಿಸಿತು. ಸರ್ಕಾರ ಅನುಸರಿಸುವ ವಿಧಾನ ನ್ಯಾಯಯುತವೂ ಸಮಂಜಸವೂ ಆಗಿರಬೇಕು ಎಂಬ ತತ್ವ ಅಲ್ಲಿಂದ ಗಟ್ಟಿಯಾಯಿತು. ಮದುವೆ, ವಾಸ, ಸಂಗಾತಿಯ ಆಯ್ಕೆಯ ಕುರಿತ ಇಂದಿನ ತೀರ್ಪುಗಳೆಲ್ಲ ನಿಂತಿರುವುದು ಈ ಬುನಾದಿಯ ಮೇಲೆ. ಅತ್ತೆಯ ಸರ್ಕಾರ ಕುಗ್ಗಿಸಿದ ಸ್ವಾತಂತ್ರ್ಯ ಸೊಸೆಯ ಅರ್ಜಿಯಿಂದ ಹಿಗ್ಗಿತು.

ಕಾಫಿನಾಡಿನ ತೀರ್ಪು

ಕಾಂಗ್ರೆಸ್ 1978ರ ಜನವರಿಯಲ್ಲಿ ಇಬ್ಭಾಗವಾಯಿತು. ದೇವರಾಜ ಅರಸು ಇಂದಿರಾ ಪಾಳೆಯದಲ್ಲಿ ನಿಂತು ಫೆಬ್ರುವರಿಯ ವಿಧಾನಸಭಾ ಚುನಾವಣೆಯನ್ನು ಗೆದ್ದರು. ಸಂಸತ್ತಿಗೆ ಮರಳಲು ಇಂದಿರಾ ಅವರಿಗೆ ಸುರಕ್ಷಿತ ಕ್ಷೇತ್ರ ಬೇಕಿತ್ತು. ಮೂಡಿಗೆರೆ ತಾಲ್ಲೂಕಿನ ದಾರದಹಳ್ಳಿಯವರಾದ ಸಂಸದ ಡಿ.ಬಿ. ಚಂದ್ರೇಗೌಡ ತಮ್ಮ ಚಿಕ್ಕಮಗಳೂರು ಸ್ಥಾನವನ್ನು ತೆರವು ಮಾಡಿಕೊಟ್ಟರು. ಮುಂದೆ ವಿಧಾನಸಭಾಧ್ಯಕ್ಷ, ರಾಜ್ಯದ ಕಾನೂನು ಸಚಿವ ಹುದ್ದೆಗಳನ್ನು ನಿರ್ವಹಿಸಿದ ಚಂದ್ರೇಗೌಡರು 2023ರ ನವೆಂಬರ್‌ನಲ್ಲಿ ನಿಧನರಾದಾಗಲೂ ಅವರನ್ನು ಜನ ಮೊದಲು ನೆನೆದದ್ದು ಆ ತ್ಯಾಗಕ್ಕಾಗಿಯೇ.

ಎದುರಾಳಿ ಜನತಾ ಪಕ್ಷದ ವೀರೇಂದ್ರ ಪಾಟೀಲರು, ರಾಜ್ಯದ ಮಾಜಿ ಮುಖ್ಯಮಂತ್ರಿ. ತುರ್ತು ಪರಿಸ್ಥಿತಿಯಲ್ಲಿ ಸ್ವತಃ ಸೆರೆವಾಸ ಕಂಡಿದ್ದ ಜಾರ್ಜ್ ಫರ್ನಾಂಡಿಸ್ ಅವರ ಪರವಾಗಿ ಬೀಡುಬಿಟ್ಟು ಪ್ರಚಾರ ಮಾಡಿದರು. ಕ್ಷೇತ್ರದ ಹೆಸರನ್ನೇ ಪ್ರಾಸವಾಗಿಸಿಕೊಂಡ ಹಿಂದಿ ಘೋಷಣೆಯೊಂದು ದೇಶದಾದ್ಯಂತ ಮೊಳಗಿತು. ಮತದಾನ ನಡೆದದ್ದು ನವೆಂಬರ್ 5ರಂದು. ಗಿರಿಗಳಲ್ಲಿ ಅರೇಬಿಕಾ ಹಣ್ಣು ಕೆಂಪೇರಿ ಕೊಯ್ಲಿನ ಸಿದ್ಧತೆ ನಡೆಯುವ ಹೊತ್ತು. ಇಂದಿರಾ 70 ಸಾವಿರಕ್ಕೂ ಹೆಚ್ಚು ಮತಗಳ ಅಂತರದಿಂದ ಗೆದ್ದರು. ಸೋತ ವೀರೇಂದ್ರ ಪಾಟೀಲರೇ ಮುಂದೆ ಇಂದಿರಾ ಸಂಪುಟದಲ್ಲಿ ಸಚಿವರಾದದ್ದು ರಾಜಕೀಯದ ಸೋಜಿಗ.

ತುರ್ತು ಪರಿಸ್ಥಿತಿಯ ನೆನಪು ಹಸಿಯಾಗಿದ್ದಾಗಲೇ ಕಾಫಿನಾಡು ಅವರನ್ನು ಏಕೆ ಗೆಲ್ಲಿಸಿತು ಎಂಬ ಪ್ರಶ್ನೆ ಆಗಲೂ ಎದ್ದಿತ್ತು. ತೋಟಗಳ ಲೈನ್ ಮನೆಗಳಲ್ಲಿ ವಾಸಿಸುತ್ತಿದ್ದ ಕೂಲಿಕಾರ್ಮಿಕರು, ಅವರಲ್ಲೂ ಮಹಿಳೆಯರು ಮತ್ತು ದಲಿತರು, ಇಂದಿರಾ ಅವರನ್ನು ಬಡವರ ಪರ ನಾಯಕಿಯಾಗಿ ಕಂಡರು. ಅರಸು ಸರ್ಕಾರದ ಭೂಸುಧಾರಣೆ ಕಾಫಿ ತೋಟಗಳನ್ನು ಮುಟ್ಟಿರಲಿಲ್ಲವಾದರೂ ಅದರ ಭರವಸೆ ಬಯಲಿನ ಹಳ್ಳಿಗಳನ್ನು ಮುಟ್ಟಿತ್ತು. ಕರ್ನಾಟಕದಲ್ಲಿ ತುರ್ತು ಪರಿಸ್ಥಿತಿಯ ಕಾಠಿಣ್ಯ ಉತ್ತರದಷ್ಟು ಇರಲಿಲ್ಲ. ದಿನಗೂಲಿಯ ಬದುಕಿನಲ್ಲಿ ಹೇಬಿಯಸ್ ಕಾರ್ಪಸ್ ಎಂಬ ಮಾತು ದೂರದ ಸಂಗತಿಯಾಗಿತ್ತು. ಮತದಾರರ ಆ ಲೆಕ್ಕವನ್ನು ತಪ್ಪೆನ್ನುವುದು ಸುಲಭ. ಆದರೆ ಕಾನೂನಿನ ಸ್ವಾತಂತ್ರ್ಯ ಮತ್ತು ಹೊಟ್ಟೆಪಾಡಿನ ಭರವಸೆ ಬೇರೆ ಬೇರೆ ಕೈಗಳಲ್ಲಿ ಬಂದಾಗ ಬಡವರು ಎರಡನೆಯದನ್ನು ಆರಿಸಿಕೊಂಡದ್ದು ಇದೇ ಮೊದಲೇನಲ್ಲ.

ಸಂಸದೆಯಾಗಿ ಒಂದು ತಿಂಗಳು

ನವೆಂಬರ್ 20ರಂದು ಇಂದಿರಾ ಲೋಕಸಭೆಯಲ್ಲಿ ಪ್ರಮಾಣವಚನ ಸ್ವೀಕರಿಸಿದರು. ಡಿಸೆಂಬರ್ 7ರಂದು ಸದನ ಸಂವಿಧಾನದ 44ನೇ ತಿದ್ದುಪಡಿಗೆ ಅಂತಿಮ ಒಪ್ಪಿಗೆ ನೀಡಿತು. ಆಂತರಿಕ ಕ್ಷೋಭೆ ಎಂಬ ಸಡಿಲ ಕಾರಣದ ಬದಲು ಸಶಸ್ತ್ರ ಬಂಡಾಯವಿದ್ದರೆ ಮಾತ್ರ ಒಳನಾಡಿನ ತುರ್ತು ಪರಿಸ್ಥಿತಿ ಸಾಧ್ಯ, ಅದಕ್ಕೆ ಸಂಪುಟದ ಲಿಖಿತ ಸಲಹೆ ಬೇಕು, ಎಂಥ ತುರ್ತು ಪರಿಸ್ಥಿತಿಯಲ್ಲೂ 20 ಮತ್ತು 21ನೇ ವಿಧಿಗಳ ರಕ್ಷಣೆಯನ್ನು ಅಮಾನತಿನಲ್ಲಿಡುವಂತಿಲ್ಲ ಎಂಬುದು ಆ ತಿದ್ದುಪಡಿಯ ಮುಖ್ಯಾಂಶ. 1976ರ ತೀರ್ಪು ಮತ್ತೆ ಮರುಕಳಿಸದಂತೆ ಸಂಸತ್ತು ಹಾಕಿದ ಬೇಲಿ ಅದು. ಬೇಲಿ ಹಾಕಿದ ಸದನದಲ್ಲಿ ಚಿಕ್ಕಮಗಳೂರಿನ ಆಸನ, ಅದರ ಅಗತ್ಯವನ್ನು ತಂದೊಡ್ಡಿದವರದೇ ಆಗಿತ್ತು.

ಇದಾದ 12 ದಿನಗಳಲ್ಲಿ ಆ ಆಸನ ಖಾಲಿಯಾಯಿತು. ಮಾರುತಿ ಸಂಸ್ಥೆಯ ಬಗ್ಗೆ ಮಾಹಿತಿ ಸಂಗ್ರಹಿಸುತ್ತಿದ್ದ ಅಧಿಕಾರಿಗಳಿಗೆ ಅಡ್ಡಿಪಡಿಸಿದ ಹಕ್ಕುಚ್ಯುತಿ ಪ್ರಕರಣದಲ್ಲಿ ಡಿಸೆಂಬರ್ 19ರಂದು ಲೋಕಸಭೆ ಅವರನ್ನು ಉಚ್ಚಾಟಿಸಿ, ಅಧಿವೇಶನ ಮುಗಿಯುವವರೆಗೆ ಸೆರೆವಾಸ ವಿಧಿಸಿತು. ತಿಹಾರ್ ಜೈಲಿನಿಂದ ಅವರು ಹೊರಬಂದದ್ದು ಡಿಸೆಂಬರ್ 26ರಂದು. ಈ ಬಾರಿ ಅವರನ್ನು ಸೆರೆಗೆ ಕಳುಹಿಸಿದ್ದು ನ್ಯಾಯಾಲಯವಲ್ಲ, ಬಹುಮತ. ಆ ನಿರ್ಣಯವನ್ನು 1981ರ ಮೇ ತಿಂಗಳಲ್ಲಿ ಮುಂದಿನ ಲೋಕಸಭೆ ರದ್ದುಪಡಿಸಿತು.

1980ರ ಜನವರಿಯಲ್ಲಿ ಇಂದಿರಾ ಮತ್ತೆ ಪ್ರಧಾನಿಯಾದರು. ಅದೇ ವರ್ಷ ರಾಷ್ಟ್ರೀಯ ಭದ್ರತಾ ಕಾಯ್ದೆ ಬಂದು ಮುನ್ನೆಚ್ಚರಿಕೆ ಬಂಧನದ ಅಧಿಕಾರ ಸರ್ಕಾರದ ಕೈಗೆ ಮರಳಿತು. ಮುನ್ನೆಚ್ಚರಿಕೆ ಬಂಧನದ ಅವಧಿಯನ್ನು ಬಿಗಿಗೊಳಿಸುವ 44ನೇ ತಿದ್ದುಪಡಿಯ ಭಾಗವನ್ನು ಅವರ ಸರ್ಕಾರವಾಗಲೀ ನಂತರ ಬಂದ ಎಲ್ಲ ಪಕ್ಷಗಳ ಸರ್ಕಾರಗಳಾಗಲೀ ಜಾರಿಗೆ ತರಲಿಲ್ಲ. ಸಲಹಾ ಮಂಡಳಿಯ ಒಪ್ಪಿಗೆಯಿಲ್ಲದೆ ಮೂರು ತಿಂಗಳು ಬಂಧಿಸಿಡುವ ಅವಕಾಶವನ್ನು ಎರಡು ತಿಂಗಳಿಗೆ ಇಳಿಸಬೇಕಿದ್ದ ಭಾಗ ಅದು. 1984ರ ಅಕ್ಟೋಬರ್ 31ರ ಬೆಳಿಗ್ಗೆ ದೆಹಲಿಯ ತಮ್ಮ ನಿವಾಸದಲ್ಲಿ ಅಂಗರಕ್ಷಕರ ಗುಂಡಿಗೆ ಇಂದಿರಾ ಬಲಿಯಾದರು. ಅವರಿಗೆ 66 ವರ್ಷ ವಯಸ್ಸಾಗಿತ್ತು.

ಉಳಿದ ಪಾಠ

ಎಡಿಎಂ ಜಬಲ್‌ಪುರ ತೀರ್ಪು ಅಧಿಕೃತವಾಗಿ ಅಳಿಯಲು ಇನ್ನೂ 33 ವರ್ಷ ಬೇಕಾಯಿತು. ಬಹುಮತದ ತೀರ್ಪಿನಲ್ಲಿದ್ದ ಪಿ.ಎನ್. ಭಗವತಿ 2011ರಲ್ಲಿ ತಮ್ಮ ನಿಲುವಿಗೆ ವಿಷಾದ ವ್ಯಕ್ತಪಡಿಸಿದರು. 2017ರ ಆಗಸ್ಟ್ 24ರಂದು ಖಾಸಗಿತನದ ಹಕ್ಕನ್ನು ಎತ್ತಿಹಿಡಿದ ಒಂಬತ್ತು ನ್ಯಾಯಮೂರ್ತಿಗಳ ಪೀಠ 1976ರ ತೀರ್ಪನ್ನು ತಿರಸ್ಕರಿಸಿತು. ಆ ಪ್ರಕರಣದ ಅರ್ಜಿದಾರರು ಕರ್ನಾಟಕ ಹೈಕೋರ್ಟಿನ ನಿವೃತ್ತ ನ್ಯಾಯಮೂರ್ತಿ ಕೆ.ಎಸ್. ಪುಟ್ಟಸ್ವಾಮಿ. ಬಹುಮತದಲ್ಲಿದ್ದ ವೈ.ವಿ. ಚಂದ್ರಚೂಡ್ ಅವರ ತೀರ್ಪನ್ನು ತಪ್ಪೆಂದು ಬರೆದವರು ಅವರದೇ ಮಗ ಡಿ.ವೈ. ಚಂದ್ರಚೂಡ್.

ಈಗ ಹೈಕೋರ್ಟಿಗೆ ಬರುವ ಹೇಬಿಯಸ್ ಕಾರ್ಪಸ್ ಅರ್ಜಿಗಳಲ್ಲಿ ಪ್ರೀತಿಸಿ ಮನೆ ಬಿಟ್ಟವರ, ಮನೆಯಲ್ಲಿ ತಡೆಹಿಡಿಯಲ್ಪಟ್ಟವರ ಪ್ರಕರಣಗಳೂ ಇರುತ್ತವೆ. ಚಿಕ್ಕಮಗಳೂರು, ಮೂಡಿಗೆರೆ, ಕಳಸದವರು ಇದಕ್ಕಾಗಿ ಹೋಗಬೇಕಾದದ್ದು ಬೆಂಗಳೂರಿನ ಪ್ರಧಾನ ಪೀಠಕ್ಕೆ. ಅರ್ಜಿಯನ್ನು ಬಂಧಿತರ ಪರವಾಗಿ ಸಂಗಾತಿ, ಸ್ನೇಹಿತರು, ಬಂಧುಗಳು ಯಾರಾದರೂ ಸಲ್ಲಿಸಬಹುದು. ಪೊಲೀಸರು ವ್ಯಕ್ತಿಯನ್ನು ಹುಡುಕಿ ಹಾಜರುಪಡಿಸುತ್ತಾರೆ. ನ್ಯಾಯಮೂರ್ತಿಗಳು ಅನೇಕ ವೇಳೆ ಮನೆಯವರನ್ನು ದೂರವಿಟ್ಟು ಕೊಠಡಿಯಲ್ಲಿ ಮಾತನಾಡಿಸುತ್ತಾರೆ. 18 ತುಂಬಿದೆಯೇ, ಸ್ವಇಚ್ಛೆ ಏನು ಎಂಬುದಷ್ಟೇ ಅಲ್ಲಿ ಮುಖ್ಯ.

ಇದೇ ರಿಟ್ ತಿರುಗುಬಾಣವಾಗುವುದೂ ಉಂಟು. ಬಿಡುಗಡೆಗೆಂದು ಹುಟ್ಟಿದ ಅರ್ಜಿಯನ್ನು ವಯಸ್ಕ ಮಗಳನ್ನು ಮರಳಿ ಹಿಡಿತಕ್ಕೆ ಪಡೆಯಲು ಪೋಷಕರು ಬಳಸುತ್ತಾರೆ. ಕೇರಳದ ಯುವತಿಯೊಬ್ಬರ ತಂದೆ ಸಲ್ಲಿಸಿದ ಅರ್ಜಿಯಲ್ಲಿ ಅಲ್ಲಿನ ಹೈಕೋರ್ಟ್ 2017ರಲ್ಲಿ ಆಕೆಯ ಮದುವೆಯನ್ನೇ ಅನೂರ್ಜಿತಗೊಳಿಸಿತ್ತು. 2018ರ ಮಾರ್ಚ್‌ನಲ್ಲಿ ಸುಪ್ರೀಂ ಕೋರ್ಟ್ ಆ ಆದೇಶವನ್ನು ತಳ್ಳಿಹಾಕಿ, ವಯಸ್ಕರ ಸಂಗಾತಿಯ ಆಯ್ಕೆಯಲ್ಲಿ ನ್ಯಾಯಾಲಯ ಪಾಲಕನಂತೆ ನಡೆದುಕೊಳ್ಳುವಂತಿಲ್ಲ ಎಂಬುದನ್ನು ಸ್ಪಷ್ಟಪಡಿಸಿತು. 2020ರ ನವೆಂಬರ್‌ನಲ್ಲಿ ಕರ್ನಾಟಕ ಹೈಕೋರ್ಟಿನ ನ್ಯಾಯಮೂರ್ತಿಗಳಾದ ಎಸ್. ಸುಜಾತಾ ಹಾಗೂ ಸಚಿನ್ ಶಂಕರ್ ಮಗದುಮ್ ಅವರ ಪೀಠ ಇಂಥದೇ ಅರ್ಜಿಯಲ್ಲಿ, ಜಾತಿ ಧರ್ಮಗಳನ್ನು ಮೀರಿ ಇಷ್ಟಪಟ್ಟವರನ್ನು ಮದುವೆಯಾಗುವುದು ವಯಸ್ಕರ ಮೂಲಭೂತ ಹಕ್ಕೆಂದು ಹೇಳಿ ಯುವತಿಯನ್ನು ಅವರ ಇಚ್ಛೆಯಂತೆ ಬಿಡುಗಡೆ ಮಾಡಿತು.

ಕಾನೂನು ಇಷ್ಟು ದೂರ ಬಂದರೂ ಸಣ್ಣ ಊರುಗಳಲ್ಲಿ ದಾರಿ ಸಲೀಸಾಗಿಲ್ಲ. 1954ರ ಕಾಯ್ದೆಯಂತೆ ಮದುವೆಯ ನೋಟಿಸು 30 ದಿನ ವಿವಾಹಾಧಿಕಾರಿಯ ಕಚೇರಿಯಲ್ಲಿ ಎಲ್ಲರ ಕಣ್ಣಿಗೂ ಬೀಳುವಂತೆ ಇರಬೇಕು. ಎಲ್ಲರಿಗೂ ಎಲ್ಲರ ಪರಿಚಯವಿರುವ ಮಲೆನಾಡಿನ ತಾಲ್ಲೂಕು ಕೇಂದ್ರದಲ್ಲಿ ಆ ಒಂದು ತಿಂಗಳು ಜೋಡಿಗೆ ಬಲು ದೀರ್ಘ. ಅಷ್ಟರೊಳಗೆ ಒಬ್ಬರನ್ನು ಮನೆಯಲ್ಲಿ ಕೂಡಿಹಾಕಿದರೆ ಉಳಿಯುವ ಮುಖ್ಯ ಆಸರೆ ಹೈಕೋರ್ಟಿನ ರಿಟ್.

ಇಂದಿರಾ ಗಾಂಧಿ ಅವರ ಬದುಕನ್ನು ಬ್ಯಾಂಕ್ ರಾಷ್ಟ್ರೀಕರಣ, ಬಾಂಗ್ಲಾ ವಿಮೋಚನೆ, ಪೋಖ್ರಾನ್ ಹೀಗೆ ಹಲವು ಅಳತೆಗೋಲುಗಳಿಂದ ಅಳೆಯಲಾಗಿದೆ. ಈ ರಿಟ್‌ನ ಅಳತೆಯಲ್ಲಿ ನೋಡಿದರೆ ಅವರು ಅದರ ಎರಡೂ ಬದಿಯಲ್ಲಿ ನಿಂತವರು. ಅಪ್ಪನ ಮಾತು ಮೀರಿ ಮದುವೆಯಾದಾಗ, ವಿಚಾರಣೆ ಇಲ್ಲದೆ ನೈನಿಯಲ್ಲಿದ್ದಾಗ, ಅಧಿಕಾರ ಕಳೆದುಕೊಂಡು ಬಂಧಿತರಾದಾಗ ಅವರು ಈ ಹಕ್ಕಿನ ನೆರಳು ಬೇಕಾದ ಒಬ್ಬ ವ್ಯಕ್ತಿ. ಅಧಿಕಾರದ ತುದಿಯಲ್ಲಿ ಆ ನೆರಳು ಅನಗತ್ಯವೆಂದು ಅವರಿಗೆ ತೋರಿತು. ಅದನ್ನು ಉಳಿಸಿದವರು ಒಬ್ಬ ಭಿನ್ನಮತದ ನ್ಯಾಯಮೂರ್ತಿ, ಒಂಬತ್ತು ಹೈಕೋರ್ಟುಗಳು ಮತ್ತು ಅವರ ಎದುರಾಳಿಗಳಿದ್ದ ಸಂಸತ್ತು. ಇಂದು ಈ ಗಿರಿಶ್ರೇಣಿಯ ಯಾವುದೇ ಯುವತಿ ತನ್ನ ಇಚ್ಛೆಯನ್ನು ನ್ಯಾಯಮೂರ್ತಿಗಳ ಮುಂದೆ ಹೇಳಿಕೊಳ್ಳಲು ಸಾಧ್ಯವಾಗಿರುವುದು ಆ ಬಾಗಿಲು ತೆರೆದಿರುವುದರಿಂದ.